ಆ ಬೆಳಕು ಯಾರಿಗಾಗಿ?

ಸೂರ್ಯ ಮುಳುಗಿದೊಡನೆ ಗಿಡಮರಗಳೆಲ್ಲ ತಾವಾಗಿಯೇ ಬೆಳಗತೊಡಗುವ ಕಾಡೊಂದಿದೆ. ಅಲ್ಲಿ ನೆಲದ ಮೇಲೆ ಕಾಲಿಟ್ಟರೆ ಹೆಜ್ಜೆಯ ಸುತ್ತ ಬೆಳಕು ಹರಡುತ್ತದೆ. ಪ್ರಾಣಿಗಳ ಮೈಮೇಲೂ ಬೆಳಕಿನ ಚುಕ್ಕೆಗಳು. ಈ ಕಾಡಿನ ವಿಳಾಸ, ಸುಮಾರು 4.4 ಜ್ಯೋತಿರ್ವರ್ಷ ದೂರದ ಆಲ್ಫಾ ಸೆಂಟಾರಿ ನಕ್ಷತ್ರದ ಬಳಿಯ 'ಪಂಡೋರ' ಎಂಬ ಉಪಗ್ರಹ. ನಕ್ಷತ್ರ ನಿಜ, ಪಂಡೋರ ಮಾತ್ರ ಕಲ್ಪನೆ. 2009ರಲ್ಲಿ ತೆರೆಕಂಡ 'ಅವತಾರ್' ಚಿತ್ರಕ್ಕಾಗಿ ನಿರ್ದೇಶಕ ಜೇಮ್ಸ್ ಕ್ಯಾಮರೂನ್ ಅದನ್ನು ಸೃಷ್ಟಿಸಿದರು.

"ಇಂಥ ಕಾಡು ನಿಜವಾಗಿಯೂ ಇರಬಹುದೇ?" ಎಂದು ಮಕ್ಕಳು ಕೇಳಿದರೆ ಹೌದು, ಇಲ್ಲ ಎಂದು ಹೇಳಿ ಮುಗಿಸಬೇಕಾಗಿಲ್ಲ. ಅದಕ್ಕಿಂತ ಮರುಪ್ರಶ್ನೆಯೊಂದನ್ನು ಹಾಕುವುದು ಲೇಸು: ಕಾಡು ಬೆಳಗುವುದಾದರೆ, ಆ ಬೆಳಕು ಯಾರಿಗಾಗಿ?

ಏಕೆಂದರೆ ಬೆಳಕು ಪುಕ್ಕಟೆ ಸಿಗುವುದಿಲ್ಲ. ಜೀವಿಯು ತಿಂದ ಆಹಾರದ ಒಂದು ಪಾಲು ಅದಕ್ಕೆ ಖರ್ಚಾಗಬೇಕು. ಬೆಳಗುವ ಜೀವಿಗಳ ದೇಹದಲ್ಲಿ ಲೂಸಿಫೆರಿನ್ ಎಂಬ ವಸ್ತು ಇರುತ್ತದೆ. ಲೂಸಿಫೆರೇಸ್ ಎಂಬ ಕಿಣ್ವದ ನೆರವಿನಿಂದ ಅದು ಆಮ್ಲಜನಕದೊಡನೆ ಕೂಡಿದಾಗ ಬೆಳಕು ಹೊಮ್ಮುತ್ತದೆ. ಹಳೆಯ ವಿದ್ಯುತ್ ಬಲ್ಬಿನಂತೆ ಇದು ಸುಡುವುದಿಲ್ಲ. ಇದು ತಣ್ಣನೆಯ ಬೆಳಕು. ಇಷ್ಟು ದುಬಾರಿ ವಸ್ತುವನ್ನು ಯಾವ ಜೀವಿಯೂ ಸುಮ್ಮನೆ ಚೆಲ್ಲುವುದಿಲ್ಲ. ಅದನ್ನು ನೋಡುವ ಕಣ್ಣೊಂದು ಎಲ್ಲೋ ಇರುತ್ತದೆ.

ಪಂಡೋರದ ನೆಲವನ್ನೇ ತೆಗೆದುಕೊಳ್ಳೋಣ. ತಗುಲಿದರೆ ಬೆಳಗುವ ಆ ಗುಣ ನಮ್ಮ ಸಮುದ್ರದ್ದೇ. ಡೈನೋಫ್ಲಾಜೆಲೇಟ್ ಎಂಬ ಏಕಕೋಶ ಜೀವಿಗಳು ದಟ್ಟವಾಗಿರುವ ನೀರನ್ನು ರಾತ್ರಿ ಕಲಕಿದರೆ ನೀಲಿ ಬೆಳಕು ಚಿಮ್ಮುತ್ತದೆ. ತನ್ನನ್ನು ತಿನ್ನಲು ಬಂದ ಚಿಕ್ಕ ಪ್ರಾಣಿಯ ಮೇಲೆ ಬೆಳಕು ಚೆಲ್ಲಿದರೆ, ಆ ಪ್ರಾಣಿಯನ್ನು ತಿನ್ನುವ ಮೀನಿಗೆ ಸುಳಿವು ಸಿಗುತ್ತದೆ. ಕಳ್ಳ ಬಂದಾಗ ಬೊಬ್ಬೆ ಹಾಕಿ ಊರವರನ್ನು ಕರೆದಂತೆ ಎಂಬುದು ವಿಜ್ಞಾನಿಗಳ ವಿವರಣೆ. ಸೂರ್ಯನ ಬೆಳಕು ತಲುಪದ ಆಳದಲ್ಲಂತೂ ಬೆಳಕೇ ಭಾಷೆ. ಅಮೆರಿಕದ ಕ್ಯಾಲಿಫೋರ್ನಿಯ ಕರಾವಳಿಯಾಚೆ ನಡೆದ, 2017ರಲ್ಲಿ ಪ್ರಕಟವಾದ ಸಮೀಕ್ಷೆಯಲ್ಲಿ ಕಂಡ ಜೀವಿಗಳ ಪೈಕಿ ಶೇ. 76ರಷ್ಟು ಬೆಳಗಬಲ್ಲವಾಗಿದ್ದವು. ಕ್ಯಾಮರೂನ್ ಆಳಸಮುದ್ರದ ಜೀವಿಗಳ ಬಗ್ಗೆ 2005ರಲ್ಲೇ ಸಾಕ್ಷ್ಯಚಿತ್ರ ಮಾಡಿದ್ದವರು. ಅನ್ಯಲೋಕದ ಕಾಡಿಗೆ ಬೇಕಾದ ಮಾದರಿ ಭೂಮಿಯಲ್ಲೇ ಇತ್ತು.

ನೆಲದ ಮೇಲಿನ ಕಾಡೂ ಒಂದಿಷ್ಟು ಬೆಳಗುತ್ತದೆ. ಮಳೆಗಾಲದಲ್ಲಿ ಪಶ್ಚಿಮಘಟ್ಟದ ಕೆಲವೆಡೆ ಕೊಳೆಯುತ್ತಿರುವ ಮರದ ತುಂಡುಗಳು ಕತ್ತಲಲ್ಲಿ ತಿಳಿಹಸಿರಾಗಿ ಮಿನುಗುತ್ತವೆ. ಹಿಂದೆ ಇಂಥದನ್ನು ಕಂಡು ಕೊಳ್ಳಿದೆವ್ವವೆಂದು ಹೆದರಿದವರೂ ಇದ್ದಾರು. ಮಿನುಗುವುದು ಮರವಲ್ಲ, ಅದರೊಳಗೆ ಹಬ್ಬಿದ ಅಣಬೆಯ ಎಳೆಗಳು. 1667ರಲ್ಲಿ ಇಂಗ್ಲೆಂಡಿನ ರಾಬರ್ಟ್ ಬಾಯ್ಲ್ ಇಂಥ ಮರದ ತುಂಡನ್ನು ಗಾಜಿನ ಪಾತ್ರೆಯಲ್ಲಿಟ್ಟು ಗಾಳಿಯನ್ನು ಹೊರತೆಗೆದರು. ಬೆಳಕು ಆರಿತು. ಗಾಳಿ ಬಿಟ್ಟಾಗ ಮತ್ತೆ ಬಂತು. ಆಮ್ಲಜನಕದ ಹೆಸರೇ ಇಲ್ಲದ ಕಾಲದಲ್ಲಿ ಈ ಬೆಳಕಿಗೆ ಗಾಳಿ ಬೇಕೆಂಬುದು ಹೀಗೆ ತಿಳಿಯಿತು.

ಅಣಬೆಗೆ ಬೆಳಕೇಕೆ? ಬ್ರೆಜಿಲಿನಲ್ಲಿ ತಾಳೆಜಾತಿಯ ಮರಗಳ ಬುಡದಲ್ಲಿ ಬೆಳೆಯುವ ಒಂದು ಅಣಬೆಯ ಮೇಲೆ ವಿಜ್ಞಾನಿಗಳು ಪ್ರಯೋಗ ನಡೆಸಿ 2015ರಲ್ಲಿ ಉತ್ತರ ಕೊಟ್ಟರು. ಅದರ ಬೆಳಕು ರಾತ್ರಿಯಲ್ಲೇ ಹೆಚ್ಚು. ಸಂಶೋಧಕರು ಪ್ಲಾಸ್ಟಿಕ್ ಅಣಬೆಗಳನ್ನು ಮಾಡಿ, ಕೆಲವಕ್ಕೆ ಹಸಿರು ದೀಪ ಅಳವಡಿಸಿ, ಎಲ್ಲಕ್ಕೂ ಅಂಟು ಬಳಿದು ಕಾಡಿನಲ್ಲಿಟ್ಟರು. ದೀಪವಿದ್ದವುಗಳಿಗೇ ಹೆಚ್ಚು ಕೀಟಗಳು ಅಂಟಿದ್ದವು. ಗಾಳಿ ಸುಳಿಯದ ದಟ್ಟ ಕಾಡಿನಲ್ಲಿ ಬೀಜಕಗಳನ್ನು ಹೊತ್ತೊಯ್ಯಲು ಕೀಟಗಳೇ ಬೇಕು. ಬೆಳಕು ಅವುಗಳಿಗೆ ಕಳಿಸಿದ ಕರೆಯೋಲೆ.

ಆದರೆ ತಾನಾಗಿ ಬೆಳಗುವ ಹಸಿರು ಗಿಡ ಮಾತ್ರ ಭೂಮಿಯಲ್ಲಿ ಕಂಡುಬಂದಿಲ್ಲ. ಅದಕ್ಕೆ ಬೆಳಕಿನ ಅಗತ್ಯವೂ ಬಿದ್ದಂತಿಲ್ಲ. ಹಗಲಲ್ಲಿ ಅರಳುವ ಹೂವು ಬಣ್ಣದಿಂದ ಕರೆಯುತ್ತದೆ, ರಾತ್ರಿರಾಣಿ ಪರಿಮಳದಿಂದ ಪತಂಗವನ್ನು ಕರೆಯುತ್ತದೆ. ಅಣಬೆಯ ಜೀನ್‌ಗಳನ್ನು ಸೇರಿಸಿ ಬೆಳಗುವ ತಂಬಾಕು ಗಿಡವನ್ನು ವಿಜ್ಞಾನಿಗಳು 2020ರಲ್ಲಿ ತೋರಿಸಿದರು. 2024ರಲ್ಲಿ ಅಮೆರಿಕದಲ್ಲಿ ಬೆಳಗುವ ಪೆಟೂನಿಯ ಗಿಡ ಮಾರಾಟಕ್ಕೂ ಬಂತು. ಆ ಬೆಳಕು ಗಿಡಕ್ಕಾಗಿ ಅಲ್ಲ, ನೋಡಿ ಮೆಚ್ಚುವ ಮನುಷ್ಯನಿಗಾಗಿ.

ಪಂಡೋರದ ಕಾಡಿನ ತೊಡಕು ಇಲ್ಲಿದೆ. ಸಂತೆಯಲ್ಲಿ ಎಲ್ಲರೂ ಒಟ್ಟಿಗೆ ಕೂಗಿದರೆ ಯಾರ ಮಾತೂ ಕೇಳಿಸದು. ಹಾಗೆಯೇ ಎಲ್ಲವೂ ಬೆಳಗಿದರೆ ಯಾವುದೂ ಎದ್ದು ಕಾಣದು. ಬೆಳಕಿಗೆ ಅರ್ಥ ಬರುವುದು ಕತ್ತಲೆಯಿಂದ.

ಇದು ಸಿನಿಮಾದ ಮಾತಷ್ಟೇ ಅಲ್ಲ. ಮಿಣುಕುಹುಳುಗಳ ಅನೇಕ ಜಾತಿಗಳಲ್ಲಿ ಗಂಡು ಹಾರುತ್ತ ತನ್ನದೇ ಲಯದಲ್ಲಿ ಮಿನುಗುತ್ತದೆ. ಹುಲ್ಲಿನಲ್ಲಿ ಕುಳಿತ ಹೆಣ್ಣು ಆ ಲಯವನ್ನು ಗುರುತಿಸಿ ಉತ್ತರ ಕೊಡುತ್ತದೆ. ಬೀದಿದೀಪದ ಪ್ರಖರ ಬೆಳಕಿನಲ್ಲಿ ಈ ಸಂಭಾಷಣೆ ಕಾಣಿಸದೆ ಹೋಗುತ್ತದೆ. ಜೋಡಿ ಸಿಗದ ಹುಳುವಿಗೆ ಸಂತತಿಯಿಲ್ಲ. ಎಲ್ಲೆಡೆ ದೀಪ ಹಚ್ಚುತ್ತ ಹೋಗುವ ಮನುಷ್ಯ ಭೂಮಿಯನ್ನೇ ಪಂಡೋರ ಮಾಡುತ್ತಿದ್ದಾನೆ. ಅದರಿಂದ ನಿಜವಾಗಿ ಬೆಳಗುವವರ ದೀಪ ಆರುತ್ತಿದೆ.

ಮುಂಗಾರಿನ ಹೊಸ್ತಿಲಲ್ಲಿ ಮಲೆನಾಡಿನ ನೆಂಟರ ಮನೆಗೆ ಹೋದ ಮಕ್ಕಳಿಗೆ ಒಂದು ಪ್ರಯೋಗವುಂಟು. ಹಿರಿಯರೊಡನೆ ಅಂಗಳದಲ್ಲಿ ಕುಳಿತು, ಹೊರಗಿನ ದೀಪ ಆರಿಸಿ, ಕಣ್ಣು ಕತ್ತಲೆಗೆ ಒಗ್ಗಲು ಕಾಲು ಗಂಟೆ ಬಿಡಬೇಕು. ಬಳಿಕ ಒಂದು ಮಿಣುಕುಹುಳು ನಿಮಿಷಕ್ಕೆ ಎಷ್ಟು ಸಲ ಮಿನುಗುತ್ತದೆ ಎಂದು ಎಣಿಸಿ ಬರೆದಿಡಬೇಕು. ದೀಪ ಹಚ್ಚಿ ಮತ್ತೊಮ್ಮೆ ಎಣಿಸಬೇಕು. ಎರಡು ಲೆಕ್ಕಗಳ ನಡುವಿನ ವ್ಯತ್ಯಾಸವನ್ನು ಯಾವ ಪಠ್ಯಪುಸ್ತಕವೂ ಮೊದಲೇ ಹೇಳಿಕೊಟ್ಟಿರುವುದಿಲ್ಲ.