ಬೆಕ್ಕುಗಳ ದ್ವೀಪ

ಜಪಾನಿನ ಎಹಿಮೆ ಪ್ರಾಂತದ ಅಓಶಿಮಾ ಎಂಬ ಕಿರುದ್ವೀಪವನ್ನು ಪ್ರವಾಸಿಗರು ಬೆಕ್ಕುಗಳ ದ್ವೀಪವೆಂದು ಕೊಂಡಾಡುತ್ತಾರೆ. ದೋಣಿಗಳಲ್ಲಿನ ಇಲಿಗಳ ಕಾಟವನ್ನು ನೀಗಲು ಹಿಂದೆ ಬೆಸ್ತರು ತಂದ ಬೆಕ್ಕುಗಳ ಸಂತಾನವದು. ಎರಡನೆಯ ಮಹಾಯುದ್ಧ ಮುಗಿದ ಕಾಲಕ್ಕೆ ಅಲ್ಲಿ ಸುಮಾರು 900 ಜನರಿದ್ದರು. ದುಡಿಮೆಯನ್ನರಸಿ ತರುಣರು ಪಟ್ಟಣ ಸೇರಿದರು; ಉಳಿದವರು ಬೆರಳೆಣಿಕೆಯ ವೃದ್ಧರು. ಬೆಕ್ಕುಗಳೋ ನೂರನ್ನು ಮೀರಿದವು. ಸಾಕುವ ಕೈಗಳೇ ಇಲ್ಲವಾಗುತ್ತಿರುವುದನ್ನು ಕಂಡು 2018ರಲ್ಲಿ ಅವುಗಳಿಗೆ ಸಂತಾನಹರಣ ಶಸ್ತ್ರಚಿಕಿತ್ಸೆ ನಡೆಸಲಾಯಿತು.

ಅಲ್ಲಿ ಅಂಗಡಿಯಿಲ್ಲ, ವಸತಿಗೃಹವಿಲ್ಲ. ಹೋಗುವವರು ಬುತ್ತಿಯನ್ನು ತಾವೇ ಒಯ್ಯಬೇಕು, ಕಸವನ್ನು ಮರಳಿ ತರಬೇಕು. ವಿನೋದಕ್ಕೆಂದು ಹೋದವರು ಅಲ್ಲಿಯ ಪಾಳುಮನೆಗಳನ್ನೂ ನೋಡಲಿ. ಹೊಟ್ಟೆಪಾಡಿಗಾಗಿ ಊರು ಬಿಟ್ಟು ಬಂದ ನಮಗೆ ಆ ದೃಶ್ಯ ಅಪರಿಚಿತವಲ್ಲ. ವರ್ಷಕ್ಕೊಮ್ಮೆಯಾದರೂ ಮಕ್ಕಳೊಡನೆ ಹೋಗಿ ನಮ್ಮ ಹಳ್ಳಿಮನೆಗಳ ಬಾಗಿಲು ತೆರೆಯೋಣ.