ಸಿಹಿನೀರಿನ ಕಡಲು

ಕಳೆದ ಭಾನುವಾರ ಮಧ್ಯಾಹ್ನ ಊಟ ಮುಗಿಸಿ ಹಜಾರದ ಆರಾಮಕುರ್ಚಿಯಲ್ಲಿ ಕಣ್ಣು ಮುಚ್ಚಿ ಕುಳಿತಿದ್ದೆ. ಒಂಬತ್ತು ವರ್ಷದ ಮೊಮ್ಮಗಳು ಪುಸ್ತಕವೊಂದನ್ನು ಎದೆಗವಚಿಕೊಂಡು ಬಂದು, “ತಾತ, ಸಮುದ್ರದ ನೀರು ಎಲ್ಲಿಯಾದರೂ ಸಿಹಿಯಾಗಿರುತ್ತದೆಯೇ?” ಎಂದು ಕೇಳಿದಳು. ನಾನು ಬಾಯಿ ತೆರೆಯುವ ಮೊದಲೇ ಪತ್ರಿಕೆಯ ಮರೆಯಿಂದ ಅವಳ ತಂದೆಯ ಉತ್ತರ ಬಂದಿತು: “ಇಲ್ಲ. ನದಿಗಳು ಬಂಡೆಗಳಿಂದ ಲವಣವನ್ನು ಕರಗಿಸಿ ಯುಗಯುಗಗಳಿಂದ ಕಡಲಿಗೆ ತಂದು ಸುರಿಯುತ್ತಿವೆ. ಒಂದು ಲೀಟರು ನೀರಿನಲ್ಲಿ ಸುಮಾರು 35 ಗ್ರಾಂ ಉಪ್ಪು. ಕಥೆಯಲ್ಲಿ ಓದಿದ್ದನ್ನು ಪರೀಕ್ಷೆಯಲ್ಲಿ ಬರೆದೀಯೆ, ಜೋಕೆ!”

ಮಗನ ಮಾತಿನಲ್ಲಿ ತಪ್ಪೇನೂ ಇರಲಿಲ್ಲ. ಆದರೂ ಹುಡುಗಿಯ ಮುಖ ಬಾಡಿತು.

ಪುಸ್ತಕವನ್ನು ತೆರೆದು ನೋಡಿದೆ. ಆಕ್ಸ್‌ಫರ್ಡಿನಲ್ಲಿ ಸಾಹಿತ್ಯದ ಅಧ್ಯಾಪಕರಾಗಿದ್ದ ಸಿ. ಎಸ್. ಲೂಯಿಸರು ಮಕ್ಕಳಿಗಾಗಿ ಬರೆದು 1952ರಲ್ಲಿ ಪ್ರಕಟವಾದ ‘ದಿ ವಾಯೇಜ್ ಆಫ್ ದಿ ಡಾನ್ ಟ್ರೆಡರ್’ ಎಂಬ ಕಾದಂಬರಿ. ನಾರ್ನಿಯಾ ಎಂಬ ಕಲ್ಪಿತ ರಾಜ್ಯದ ಕಥೆ. ಆ ಲೋಕದ ಭೂಮಿ ಚಪ್ಪಟೆ. ಅದರ ಪೂರ್ವ ಸಮುದ್ರಕ್ಕೆ ಒಂದು ಅಂಚುಂಟು. ಕಾಣೆಯಾದ ಏಳು ಮಂದಿ ಸರದಾರರನ್ನು ಅರಸುತ್ತ ಕ್ಯಾಸ್ಪಿಯನ್ ಎಂಬ ತರುಣ ದೊರೆ ಆ ಕಡಲಿನಲ್ಲಿ ಹಡಗು ನಡೆಸುತ್ತಾನೆ.

ದಾರಿಯ ದ್ವೀಪಗಳು ಒಂದಕ್ಕಿಂತ ಒಂದು ವಿಚಿತ್ರ. ಒಂದರಲ್ಲಿ ಮುಳುಗಿದ್ದೆಲ್ಲವೂ ಬಂಗಾರವಾಗುವ ಕೊಳ. ಅದರ ತಳದಲ್ಲಿ ಮನುಷ್ಯನೊಬ್ಬನು ಬಂಗಾರದ ಪ್ರತಿಮೆಯಾಗಿ ಬಿದ್ದಿದ್ದಾನೆ. ಅದನ್ನು ಕಂಡೂ ದಂಡೆಯಲ್ಲಿ ನಿಂತ ಗೆಳೆಯರು ಕೊಳದ ಒಡೆತನಕ್ಕಾಗಿ ಜಗಳವಾಡುತ್ತಾರೆ. ಇನ್ನೊಂದು ಕಗ್ಗತ್ತಲೆಯ ದ್ವೀಪ. ಅಲ್ಲಿ ಕನಸುಗಳು ನಿಜವಾಗುತ್ತವೆಂದು ಕೇಳಿ ನಾವಿಕರು ಹಿಗ್ಗುತ್ತಾರೆ. ಮರುಕ್ಷಣವೇ ತಾವು ಕಂಡ ಕೆಟ್ಟ ಕನಸುಗಳು ನೆನಪಿಗೆ ಬಂದು, ಹುಟ್ಟುಗಳತ್ತ ಓಡುತ್ತಾರೆ. ಇವೆಲ್ಲವನ್ನೂ ದಾಟಿದ ಮೇಲೆ ಕಡಲಿನ ನೀರು ಸಿಹಿಯಾಗುತ್ತದೆ. ಕುಡಿದವರಿಗೆ ಹಸಿವೆ ಅಡಗುತ್ತದೆ, ಸೂರ್ಯನನ್ನು ದಿಟ್ಟಿಸುವ ಶಕ್ತಿ ಕಣ್ಣಿಗೆ ಬರುತ್ತದೆ. ಮುದಿ ನಾವಿಕರು ದಿನದಿನಕ್ಕೆ ಎಳೆಯರಾಗುತ್ತಾರೆ.

“ಅಜ್ಜಿಯೂ ಹೀಗೆಯೇ ಹೇಳುತ್ತಿದ್ದಳಲ್ಲ ತಾತ, ಕೊನೆಯ ಸಮುದ್ರ ಸಿಹಿನೀರಿನದು ಎಂದು?”

ನನಗೆ ತಟ್ಟನೆ ಮಾತು ಹೊರಡಲಿಲ್ಲ. ನನ್ನಾಕೆ ತೀರಿಕೊಂಡು ಇನ್ನೂ ವರ್ಷ ತುಂಬಿಲ್ಲ. ರಾತ್ರಿ ಊಟದ ಹೊತ್ತಿಗೆ ಏಳು ಸಮುದ್ರಗಳ ಹೆಸರು ಹೇಳಿ ತುತ್ತು ಉಣ್ಣಿಸುವುದು ಅವಳ ಪದ್ಧತಿ. ಉಪ್ಪು, ಕಬ್ಬಿನ ಹಾಲು, ಸುರೆ, ತುಪ್ಪ, ಮೊಸರು, ಹಾಲು, ಕಡೆಗೆ ಸಿಹಿನೀರು. ಮಕ್ಕಳೆದುರಿಗೆ ಮೂರನೆಯದನ್ನು ಹೇಳುವಾಗ ಮಾತ್ರ ದನಿಯನ್ನು ತಗ್ಗಿಸುತ್ತಿದ್ದಳು.

ಇದು ವಿಷ್ಣುಪುರಾಣದ ಎಣಿಕೆ. ನಡುವೆ ಒಂದು ಲಕ್ಷ ಯೋಜನದ ಜಂಬೂದ್ವೀಪ. ಅದರ ಸುತ್ತ ಅಷ್ಟೇ ಅಗಲದ ಉಪ್ಪಿನ ಸಮುದ್ರ. ಮುಂದಿನ ಪ್ರತಿಯೊಂದು ದ್ವೀಪವೂ, ಅದನ್ನು ಬಳಸಿದ ಸಮುದ್ರವೂ ಹಿಂದಿನದಕ್ಕೆ ಇಮ್ಮಡಿ. ಹೀಗೆ ಏಳನೆಯ ಸಿಹಿನೀರಿನ ಸಮುದ್ರಕ್ಕೆ 64 ಲಕ್ಷ ಯೋಜನದ ಅಗಲ. ಅದರಾಚೆ ಲೋಕಾಲೋಕ ಪರ್ವತ, ಅದರಾಚೆ ಕತ್ತಲೆ.

ಈ ಸಮುದ್ರಗಳನ್ನು ಕಂಡು ನಕ್ಕವರುಂಟು. 1835ರಲ್ಲಿ ಮೆಕಾಲೆ ನಮ್ಮ ವಿದ್ಯಾಭ್ಯಾಸವನ್ನು ಕುರಿತ ತನ್ನ ಟಿಪ್ಪಣಿಯಲ್ಲಿ, ಪಾಕದ ಕಡಲು ಬೆಣ್ಣೆಯ ಕಡಲುಗಳ ಭೂಗೋಳವೆಂದು ಇವನ್ನು ಹಾಸ್ಯಮಾಡಿದ. ಭೂಗೋಳದ ತರಗತಿಗೆ ಇವು ಸಲ್ಲವೆಂಬುದು ನಿಜವೇ. ಆದರೆ ಅದನ್ನು ತಿಳಿಯಲು ನಾವು ಅವನಿಗಾಗಿ ಕಾದಿರಲಿಲ್ಲ. 1150ರಲ್ಲಿ ‘ಸಿದ್ಧಾಂತ ಶಿರೋಮಣಿ’ಯನ್ನು ರಚಿಸಿದ ಭಾಸ್ಕರಾಚಾರ್ಯರು, ಭೂಮಿಯು ಗೋಳವೆಂದೂ, ದೊಡ್ಡ ವೃತ್ತದ ಸಣ್ಣ ತುಣುಕು ನೆಟ್ಟಗೆ ಕಾಣುವಂತೆ ಅದು ನಮ್ಮ ಕಣ್ಣಿಗೆ ಚಪ್ಪಟೆಯಾಗಿ ಕಾಣುವುದೆಂದೂ ವಿವರಿಸಿದರು. ಹಾಗೆಂದು ಪುರಾಣದ ಕಡಲುಗಳನ್ನು ಅವರು ಎಸೆಯಲಿಲ್ಲ. ಜಂಬೂದ್ವೀಪವನ್ನು ಉತ್ತರಾರ್ಧದಲ್ಲಿರಿಸಿ, ಹಾಲು ಮೊಸರುಗಳ ಸಮುದ್ರಗಳಿಗೆ ಗೋಳದ ದಕ್ಷಿಣಾರ್ಧದಲ್ಲಿ ಜಾಗ ಮಾಡಿಕೊಟ್ಟರು! ಗಣಿತಜ್ಞರಿಗೂ ಅವುಗಳ ಮೇಲೆ ಅಷ್ಟು ಮಮತೆ.

ಇನ್ನು ಮೆಕಾಲೆ ನಕ್ಕು ನೂರಹದಿನೇಳು ವರ್ಷಗಳಾದ ಮೇಲೆ, ಅವನದೇ ಭಾಷೆಯ ವಿದ್ವಾಂಸರೊಬ್ಬರು ಭೂಮಿಯನ್ನು ಚಪ್ಪಟೆ ಮಾಡಿ, ಅಂಚಿನಲ್ಲಿ ಸಿಹಿನೀರು ತುಂಬಿ ತಮ್ಮ ಮಕ್ಕಳ ಕೈಗಿತ್ತರು. ಭೂಮಿ ಉರುಟೆಂಬುದು ಅವರಿಗೆ ತಿಳಿಯದೆ? ಬಂಗಾರದ ಕೊಳದ ದಂಡೆಯಲ್ಲಿ ಅವರು ಆಸೆಯ ಆಳವನ್ನು ನೋಡಿದರು. ಕತ್ತಲೆಯ ದ್ವೀಪದಲ್ಲಿ ಭಯದ ಆಳವನ್ನು. ಆ ಆಳಕ್ಕೆ ಇಳಿಬಿಡುವ ಹಗ್ಗ ನಿಜವಾದ ಯಾವ ಹಡಗಿನಲ್ಲಿಯೂ ಇರುವುದಿಲ್ಲ. ಉಪ್ಪಿನ ಲೆಕ್ಕವನ್ನು ಮಗು ಕಲಿಯಲೇಬೇಕು. ಅದರ ಜೊತೆಗೆ ಈ ಕಡಲನ್ನೂ ಇಟ್ಟುಕೊಂಡರೆ ಲೆಕ್ಕವೇನೂ ತಪ್ಪುವುದಿಲ್ಲ.

ಮೊಮ್ಮಗಳು ಕಡೆಯ ಪುಟಗಳನ್ನು ನನಗೆ ಓದಿ ಹೇಳಿದಳು. ಹಡಗಿನಲ್ಲಿ ರೀಪಿಚೀಪ್ ಎಂಬ ವೀರ ಇಲಿಯಿದೆ. ನೀರು ಸಿಹಿಯಾಗುವೆಡೆಯಲ್ಲಿ ನೀನು ಅರಸಿದ್ದು ಸಿಕ್ಕೀತೆಂದು ಅದು ತೊಟ್ಟಿಲಲ್ಲಿಯೇ ಹಾಡು ಕೇಳಿತ್ತು. ಅಂಚು ಹತ್ತಿರವಾದಾಗ ಅದು ಕತ್ತಿಯನ್ನು ಎಸೆದು, ಪುಟ್ಟ ದೋಣಿಯಲ್ಲಿ ಒಂಟಿಯಾಗಿ ಅಲೆಯನ್ನೇರಿ ಮರೆಯಾಗುತ್ತದೆ. ದೊರೆಗೂ ಹೋಗುವ ಆಸೆ. ಆದರೆ ಅವನಿಗೆ ನೋಡಿಕೊಳ್ಳಬೇಕಾದ ರಾಜ್ಯವಿತ್ತು; ಅವನು ಮನೆಗೆ ಹಿಂದಿರುಗಬೇಕಾಯಿತು.

“ಇಲಿ ಮತ್ತೆ ಬರಲಿಲ್ಲವೇ, ತಾತ?”

“ಈ ಪುಸ್ತಕದಲ್ಲಿ ಬರಲಿಲ್ಲ, ಮಗು.”

ಅವಳು ಸ್ವಲ್ಪ ಹೊತ್ತು ಸುಮ್ಮನಿದ್ದಳು. “ಹೋದಾಗ ಅದಕ್ಕೆ ಹೆದರಿಕೆಯಾಗಿರಲಿಲ್ಲ,” ಎಂದು ತನಗೆ ತಾನೇ ಹೇಳಿಕೊಂಡಳು.

ಅಷ್ಟರಲ್ಲಿ ಮಗ ಪತ್ರಿಕೆಯನ್ನು ಮಡಿಸಿಟ್ಟು ಅವಳ ಪಕ್ಕಕ್ಕೆ ಬಂದು ಕುಳಿತ. “ಎಲ್ಲಿ, ಏಳನ್ನೂ ಸರಿಯಾಗಿ ಹೇಳು ನೋಡೋಣ,” ಎಂದ. ಅವಳಿಗೆ ಎರಡನೆಯದರ ಮುಂದಕ್ಕೆ ಬರಲಿಲ್ಲ. ಅವನೇ ಒಂದೊಂದಾಗಿ ಹೇಳಿಕೊಟ್ಟ. ಮೂರನೆಯದಕ್ಕೆ ಬಂದಾಗ, ತನಗರಿವಿಲ್ಲದೆಯೇ, ದನಿಯನ್ನು ತಗ್ಗಿಸಿದ.