ಎತ್ತಿಗೆ ಜ್ವರ, ಬಾವಲಿಗೆ ಬರೆ

ನಮ್ಮೂರ ಗ್ರಾಮಸಭೆಯ ನಡಾವಳಿ ಪುಸ್ತಕದಲ್ಲಿ ಮೊನ್ನೆ ಒಂದು ಸಾಲು ಕಂಡೆ: ‘ಗುಂಡುತೋಪಿನಲ್ಲಿರುವ ಬಾವಲಿ ಇತ್ಯಾದಿಗಳನ್ನು ತೆರವುಗೊಳಿಸುವ ಬಗ್ಗೆ.’ ಆ ‘ಇತ್ಯಾದಿ’ಯಲ್ಲಿ ಏನೇನು ಅಡಗಿದೆ ಎಂದು ಕೇಳಿದೆ. ಯಾರೂ ಬಾಯಿ ಬಿಡಲಿಲ್ಲ. ಎರಡು ಆಲ, ಏಳೆಂಟು ಹುಣಸೆ, ಒಂದು ಮುದಿ ಹಿಪ್ಪೆ, ರಸ್ತೆಗೆ ಮುಖ ಮಾಡಿ ಮಲಗಿದ ಒಂದೂವರೆ ಎಕರೆ ಜಾಗ. ಬುದ್ಧಿ ಇದ್ದವರಿಗೆ ಇಷ್ಟು ಸಾಕು.

‘ನಿಫಾ ಬಂದ್ರೆ ನೀವು ಜವಾಬ್ದಾರಿ ತಗೋತೀರಾ ಮೇಷ್ಟ್ರೇ?’ ಎಂದು ಸದಸ್ಯರೊಬ್ಬರು ಮೇಜು ಗುದ್ದಿದರು. ಕೇರಳದಲ್ಲಿ ಯಾರಿಗಾದರೂ ಜ್ವರ ಬಂತೆಂದರೆ ನಮ್ಮ ಕಡೆ ಹೀಗೆ ಮೇಜು ಗುದ್ದುವುದು ಈಗ ಪದ್ಧತಿ. ಟಿವಿಯಲ್ಲಿ ಕೆಂಪು ಅಕ್ಷರ ಹರಿಯುತ್ತದೆ, ಕೋರೆಹಲ್ಲು ಬಿಟ್ಟ ಬಾವಲಿಯ ಮುಖವೊಂದು ಪರದೆ ತುಂಬುತ್ತದೆ. ಆ ಮುಖ ನಮ್ಮ ದೇಶದ್ದೇ ಅಲ್ಲ. ರಕ್ತ ಹೀರುವ ಬಾವಲಿಗಳು ಜಗತ್ತಿನಲ್ಲಿರುವುದು ಮೂರೇ ಜಾತಿ. ಮೂರೂ ಮೆಕ್ಸಿಕೋದಿಂದ ದಕ್ಷಿಣ ಅಮೆರಿಕದವರೆಗಿನ ನೆಲದವು. ಅವು ವೀಸಾ ಮಾಡಿಸಿಕೊಂಡು ಚಾಮರಾಜನಗರಕ್ಕೆ ಬಂದ ಸುದ್ದಿ ನನಗಂತೂ ತಿಳಿದಿಲ್ಲ.

ಈ ಅಪಪ್ರಚಾರ ಹಳೆಯದು. ಜೀವಿಗಳಿಗೆಲ್ಲ ಹೆಸರಿಟ್ಟ ಸ್ವೀಡನ್ನಿನ ಲಿನೇಯಸ್ 1758ರಲ್ಲಿ ಆಗ್ನೇಯ ಏಷ್ಯಾದ ದೊಡ್ಡ ಬಾವಲಿಗೆ ‘ವ್ಯಾಂಪೈರಸ್’ ಎಂದು ಹೆಸರಿಟ್ಟ. ಅದು ಜೀವಮಾನವಿಡೀ ಹಣ್ಣು, ಹೂವಿನ ರಸ ಬಿಟ್ಟು ಬೇರೇನನ್ನೂ ಮುಟ್ಟದ ಪ್ರಾಣಿ. ಅದೇ ಪುಸ್ತಕದಲ್ಲಿ ಅವನು ಬಾವಲಿಗಳನ್ನು ಮನುಷ್ಯ, ಮಂಗಗಳ ಗುಂಪಿನಲ್ಲೇ ಕೂರಿಸಿದ್ದ. ಆ ನಂಟನ್ನು ನಾವು ಮರೆತೆವು, ಹೆಸರನ್ನು ಮಾತ್ರ ಉಳಿಸಿಕೊಂಡೆವು.

ನಾನು ಸಭೆಯಲ್ಲಿ ಕೇಳಿದ್ದು ಒಂದೇ ಪ್ರಶ್ನೆ: ಯಾವ ಬಾವಲಿ?

ನಕ್ಕರು. ಬಾವಲಿ ಅಂದರೆ ಬಾವಲಿ, ಅದರಲ್ಲಿ ಯಾವುದು ಎಂತದ್ದು? ಜಗತ್ತಿನಲ್ಲಿ 1400ಕ್ಕೂ ಹೆಚ್ಚು ಜಾತಿಯ ಬಾವಲಿಗಳಿವೆ, ಸಸ್ತನಿಗಳಲ್ಲಿ ಐದಕ್ಕೊಂದು ಬಾವಲಿಯೇ. ನಮ್ಮ ಮನೆಯ ಹೆಂಚಿನ ಸಂದಿಯಿಂದ ಸಂಜೆ ಪುಳಕ್ಕನೆ ಹೊರಬೀಳುವ ಪುಟ್ಟ ಬಾವಲಿ ಮೂರು ನಾಲ್ಕು ಗ್ರಾಂ ತೂಗುತ್ತದೆ. ಆಲದ ಕೊಂಬೆಯಲ್ಲಿ ತೂಗುವ ತೊಗಲುಬಾವಲಿ, ಈಗ ಪತ್ರಿಕೆಯವರು ‘ಹಾರುವ ನರಿ’ ಎಂದು ಬರೆಯುತ್ತಾರಲ್ಲ ಅದು, ಒಂದು ಕಿಲೋ ಮೀರುತ್ತದೆ. ರೆಕ್ಕೆ ಬಿಚ್ಚಿದರೆ ನಾಲ್ಕಡಿ. ಮನೆಯ ಬೆಕ್ಕಿಗೂ ಕಾಡಿನ ಕಾಟಿಗೂ ಎಷ್ಟು ಅಂತರವೋ ಇವೆರಡಕ್ಕೂ ಅಷ್ಟು. ಬೆಕ್ಕು ಹಾಲು ಕುಡಿದದ್ದಕ್ಕೆ ಯಾರೂ ಕಾಟಿಯ ಮೇಲೆ ಕೇಸು ಹಾಕುವುದಿಲ್ಲ.

ಗಾತ್ರವಷ್ಟೇ ಬೇರೆಯಲ್ಲ, ಬಾಳುವ ರೀತಿಯೇ ಬೇರೆ. ಚಿಕ್ಕ ಬಾವಲಿಗಳು ಕತ್ತಲಲ್ಲಿ ನಮ್ಮ ಕಿವಿಗೆ ಕೇಳದ ಕೂಗು ಹಾಕಿ, ಅದರ ಮಾರ್ದನಿಯಲ್ಲಿ ಸೊಳ್ಳೆ, ಪತಂಗಗಳನ್ನು ಗುರುತಿಸುತ್ತವೆ. ಅದಕ್ಕೇ ಅವುಗಳ ಕಿವಿ ದೊಡ್ಡದು, ಕೆಲವದರ ಮೂಗಿನ ಮೇಲೆ ಎಲೆಯಂಥ ಚರ್ಮ, ಕಣ್ಣು ಸಾಸಿವೆ ಕಾಳಿನಷ್ಟು. ತೊಗಲುಬಾವಲಿಗೆ ಆ ವಿದ್ಯೆ ಗೊತ್ತೇ ಇಲ್ಲ. ದೊಡ್ಡ ಕಣ್ಣಿನಿಂದ ನೋಡುತ್ತದೆ, ಮೂಗಿನಿಂದ ಹಣ್ಣಿನ ವಾಸನೆ ಹಿಡಿಯುತ್ತದೆ. ‘ಬಾವಲಿಗೆ ಕಣ್ಣಿಲ್ಲ’ ಎಂದು ಮಕ್ಕಳಿಗೆ ಮೂವತ್ತು ವರ್ಷ ಪಾಠ ಹೇಳಿದ ಮೇಷ್ಟ್ರುಗಳಲ್ಲಿ ನಾನೂ ಒಬ್ಬ, ತಪ್ಪಾಯಿತು. ಹಾಗಂತ ಹಣ್ಣು ತಿನ್ನುವವೆಲ್ಲ ಮರದಲ್ಲೇ ಇರುತ್ತವೆ ಎಂದೂ ತಿಳಿಯಬೇಡಿ. ಅವುಗಳಲ್ಲೇ ಒಂದು ಜಾತಿ ಗುಹೆಯಲ್ಲಿ ವಾಸಿಸುತ್ತದೆ, ನಾಲಗೆ ಲಟಕಿಸಿ ಆ ಸದ್ದಿನಲ್ಲಿ ದಾರಿ ಕಂಡುಕೊಳ್ಳುತ್ತದೆ. ವಂಶಾವಳಿ ನೋಡಿದರಂತೂ ಇನ್ನೂ ಗೋಜಲು. ಕುದುರೆಲಾಳದ ಮೂಗಿನ ಬಾವಲಿ ಹುಳ ತಿನ್ನುವ ಜಾತಿಯಾದರೂ ಹೆಂಚಿನ ಸಂದಿಯದಕ್ಕಿಂತ ತೊಗಲುಬಾವಲಿಗೇ ಹತ್ತಿರದ ಬಂಧು. ಇದೆಲ್ಲ ನಡಾವಳಿ ಪುಸ್ತಕದಲ್ಲಿ ‘ಬಾವಲಿ ಇತ್ಯಾದಿ’.

‘ಯಾವ ಬಾವಲಿ’ ಎಂದು ಕೇಳದಿದ್ದರೆ ಏನಾಗುತ್ತದೆ ಎಂಬುದಕ್ಕೆ ಬೇರೆಲ್ಲೂ ಹೋಗಬೇಕಿಲ್ಲ, 2018ರ ಕೇರಳದ ಕೋಯಿಕ್ಕೋಡೇ ಸಾಕು. ಅಲ್ಲಿ ಪೆರಾಂಬ್ರ ಕಡೆಯ ಒಂದೇ ಮನೆಯಲ್ಲಿ ನಿಫಾದಿಂದ ಸಾವಿನ ಮೇಲೆ ಸಾವಾಯಿತು. ಆ ಮನೆಯವರ ಬಾವಿಯಲ್ಲಿ ಬಾವಲಿ ಸಿಕ್ಕಿತು. ಮುಗಿಯಿತಲ್ಲ, ಕಳ್ಳ ಸಿಕ್ಕಿಬಿದ್ದ! ಹಿಡಿದು ಭೋಪಾಲದ ಪ್ರಯೋಗಾಲಯಕ್ಕೆ ಕಳಿಸಿದರು. ಏನೂ ಸಿಗಲಿಲ್ಲ. ಸಿಗುವುದಾದರೂ ಹೇಗೆ? ಬಾವಿಯೊಳಗೆ ನೇತಾಡುತ್ತಿದ್ದದ್ದು ಹುಳ ತಿನ್ನುವ ಬಾವಲಿ. ನಿಫಾ ವೈರಸ್ಸಿನ ನಂಟಿರುವುದು ಹಣ್ಣು ತಿನ್ನುವ ದೊಡ್ಡ ಬಾವಲಿಗೆ. ಆಮೇಲೆ ಅವನ್ನು ಹಿಡಿದು ನೋಡಿದಾಗ ಕೆಲವದರಲ್ಲಿ ವೈರಸ್ಸಿನ ಕುರುಹು ಸಿಕ್ಕಿತು, ಅದನ್ನು ನಾನು ಅಲ್ಲಗಳೆಯುವುದಿಲ್ಲ. ಆದರೆ ಅಷ್ಟರಲ್ಲಿ ಊರೂರಲ್ಲಿ ಕಂಡ ಕಂಡ ಬಾವಲಿಗಳಿಗೆಲ್ಲ ಶನಿ ಹಿಡಿದಿತ್ತು.

ಆ ವರ್ಷ ಕೇರಳದಲ್ಲಿ ನಿಫಾದಿಂದ ಸತ್ತವರು 17 ಮಂದಿ ಎಂಬುದು ಸರ್ಕಾರದ ಲೆಕ್ಕ. ಮೊದಲ ರೋಗಿಯೊಬ್ಬನನ್ನು ಬಿಟ್ಟರೆ ಉಳಿದವರಿಗೆ ರೋಗ ತಂದದ್ದು ಬಾವಲಿಯಲ್ಲ, ಮನುಷ್ಯ. ಆಸ್ಪತ್ರೆಯ ವಾರ್ಡಿನಲ್ಲಿ, ಸ್ಕ್ಯಾನ್ ಕೋಣೆಯ ಹೊರಗಿನ ಬೆಂಚಿನಲ್ಲಿ, ಆರೈಕೆ ಮಾಡುವ ಕೈಗೆ ಅಂಟಿದ್ದು. ಲಿನಿ ಎಂಬ ನರ್ಸ್ ಸತ್ತದ್ದು ರೋಗಿಯ ಸೇವೆ ಮಾಡಿ, ಹುಣಸೆ ಮರದ ಕೆಳಗೆ ನಿಂತು ಅಲ್ಲ. ಹಾಗಿದ್ದರೆ ಗ್ರಾಮಸಭೆಯಲ್ಲಿ ಮೊದಲು ಕೇಳಬೇಕಾದ್ದೇನು? ತಾಲ್ಲೂಕು ಆಸ್ಪತ್ರೆಯಲ್ಲಿ ಸೋಂಕಿನ ರೋಗಿಗೆ ಪ್ರತ್ಯೇಕ ಕೋಣೆ ಇದೆಯೇ, ನರ್ಸುಗಳಿಗೆ ಮಾಸ್ಕು, ಕೈಗವಸು ಇದೆಯೇ? ಅದನ್ನು ಕೇಳಿದರೆ ಉತ್ತರ ಕೊಡಬೇಕಾದವರು ಮೇಜಿನ ಆ ಬದಿಯಲ್ಲೇ ಕೂತಿರುತ್ತಾರೆ. ಬಾವಲಿ ಉತ್ತರ ಕೊಡುವುದಿಲ್ಲ, ಅದಕ್ಕೇ ಅದನ್ನು ಕೇಳುವುದು.

ಮಲೇಷ್ಯಾದ ಕಥೆಯೂ ಇದೇ. ಈ ರೋಗಕ್ಕೆ ಹೆಸರು ಕೊಟ್ಟ ಊರು ಅಲ್ಲಿಯದು, 1998-99ರ ಮಾತು. ಹಣ್ಣಿನ ಮರಗಳ ಬುಡದಲ್ಲೇ ಸಾವಿರಾರು ಹಂದಿಗಳ ದೊಡ್ಡಿ ಕಟ್ಟಿದರು. ಬಾವಲಿ ಕಚ್ಚಿದ ಹಣ್ಣು ದೊಡ್ಡಿಗೆ ಬಿತ್ತು, ಹಂದಿ ತಿಂದಿತು, ಹಂದಿಯಿಂದ ಆಳುಗಳಿಗೆ ಬಂತು. ನೂರಕ್ಕೂ ಹೆಚ್ಚು ಜನ ಸತ್ತರು, ಹತ್ತು ಲಕ್ಷ ಹಂದಿಗಳನ್ನು ಕೊಂದರು. ಮಾವಿನ ಕೆಳಗೆ ಹಂದಿ ಕಟ್ಟಿದವನು ಮನುಷ್ಯ, ಹೆಸರು ಕೆಟ್ಟದ್ದು ಬಾವಲಿಯದು.

ಈಗ ನಾನು ಎಲ್ಲಿ ಹೋದರೂ ಹೇಳುವ ಒಂದು ಮಾತಿದೆ, ಕೇಳಿ ಕೇಳಿ ನನ್ನ ಮನೆಯವರಿಗೂ ಬೇಸರವಾಗಿದೆ: ವರ್ಷಕ್ಕೆ ಒಂದೇ ಮರಿ. ತೊಗಲುಬಾವಲಿ ಐದು ತಿಂಗಳು ಹೊತ್ತು ಹೆರುವುದು ಒಂದು ಮರಿ. ಆ ಮರಿಯನ್ನು ಎದೆಗೆ ಅವುಚಿಕೊಂಡೇ ಮೊದಲ ಕೆಲವು ವಾರ ಹಾರುತ್ತದೆ. ಇಂಥ ಪ್ರಾಣಿಯನ್ನು 1972ರ ವನ್ಯಜೀವಿ ಕಾಯ್ದೆಯ ಐದನೇ ಅನುಸೂಚಿ ಯಾರ ಜೊತೆ ಕೂರಿಸಿತ್ತು ಗೊತ್ತೇ? ಕಾಗೆ, ಇಲಿ, ಹೆಗ್ಗಣ, ಹಣ್ಣು ಬಾವಲಿ. ಎಲ್ಲವೂ ‘ಉಪದ್ರವಕಾರಿ’. ಯಾರು ಬೇಕಾದರೂ ಎಷ್ಟು ಬೇಕಾದರೂ ಕೊಲ್ಲಬಹುದು. ಇಲಿ ಮೂರು ವಾರಕ್ಕೆ ಎಂಟು ಹತ್ತು ಮರಿ ಹಾಕುತ್ತದೆ, ಇಂದು ಕೊಂದರೆ ಮುಂದಿನ ತಿಂಗಳಿಗೆ ಲೆಕ್ಕ ಸರಿ. ಬಾವಲಿ? ವರ್ಷಕ್ಕೆ ಒಂದೇ ಮರಿ. ಈ ಪಟ್ಟಿ ಬರೆದವರಿಗೆ ಕೂಡುವುದೂ ಬರುತ್ತಿರಲಿಲ್ಲ, ಕಳೆಯುವುದೂ ಬರುತ್ತಿರಲಿಲ್ಲ. ಗುಡಿಗಳಲ್ಲಿ ಇಲಿ ಹಿಡಿದು ತಿನ್ನುವ ಬಾವಲಿಯೂ ಒಂದಿದೆ. ಅದನ್ನೂ ‘ಬಾವಲಿ’ ಎಂದೇ ಹೊಗೆ ಹಾಕಿ ಓಡಿಸಿ, ಆಮೇಲೆ ಪೇಟೆಯಿಂದ ಇಲಿ ಪಾಷಾಣ ತರುವ ಜಾಣರು ನಾವು.

ಐವತ್ತು ವರ್ಷ ಹಣ್ಣು ಬಾವಲಿ ಆ ಪಟ್ಟಿಯಲ್ಲೇ ಇತ್ತು. 2022ರಲ್ಲಿ ತಿದ್ದುಪಡಿ ಬಂತು, 2023ರ ಏಪ್ರಿಲ್ 1ರಿಂದ ಜಾರಿಯಾಯಿತು. ಉಪದ್ರವಕಾರಿಗಳ ಅನುಸೂಚಿಯೇ ಹೋಯಿತು, ತೊಗಲುಬಾವಲಿ ಎರಡನೇ ಅನುಸೂಚಿಗೆ ಏರಿತು. ಅಂದರೆ ಈಗ ಅದನ್ನು ಕೊಲ್ಲುವುದು ಶಿಕ್ಷಾರ್ಹ ಅಪರಾಧ. ಈ ಸುದ್ದಿಯನ್ನು ನಮ್ಮ ಪಂಚಾಯಿತಿಗೆ ಯಾರೂ ಮುಟ್ಟಿಸಿಲ್ಲ. ಉಬ್ಬಸಕ್ಕೆ ಬಾವಲಿ ಮಾಂಸ ಒಳ್ಳೆಯದು ಎಂದು ಕವಣೆ ಹಿಡಿದು ತಿರುಗುವವರಿಗಂತೂ ಮುಟ್ಟಿಯೇ ಇಲ್ಲ.

ಕೊಂದರೆ ಏನು ಸಿಗುತ್ತದೆ ಎಂಬುದನ್ನು ಮಾರಿಷಸ್ ದ್ವೀಪದವರು ನಮ್ಮ ಪರವಾಗಿ ಪ್ರಯೋಗ ಮಾಡಿ ತೋರಿಸಿದ್ದಾರೆ. ಲಿಚಿ, ಮಾವು ಹಾಳಾಗುತ್ತಿದೆ ಎಂಬ ಬೆಳೆಗಾರರ ಕೂಗಿಗೆ ಅಲ್ಲಿನ ಸರ್ಕಾರ 2015ರಲ್ಲಿ ಸುಮಾರು 30,000 ಬಾವಲಿಗಳನ್ನು ಗುಂಡಿಕ್ಕಿ ಕೊಲ್ಲಿಸಿತು. ಮರುವರ್ಷ ಮತ್ತೆ. ಬೆಳೆಗಾರರ ಲಾಭವೇನೂ ಏರಲಿಲ್ಲ. ಏರಿದ್ದು ಒಂದೇ: 2018ರಲ್ಲಿ ಆ ಬಾವಲಿಯನ್ನು ಅಳಿವಿನಂಚಿನ ಪಟ್ಟಿಗೆ ಏರಿಸಬೇಕಾಯಿತು. ವರ್ಷಕ್ಕೆ ಒಂದೇ ಮರಿ ಸ್ವಾಮಿ.

ಆಸ್ಟ್ರೇಲಿಯಾದ್ದು ಇನ್ನೂ ಸ್ವಾರಸ್ಯ. ಅಲ್ಲಿ ನಿಫಾದ ಸೋದರ ಹೆಂಡ್ರಾ ವೈರಸ್ 1994ರಲ್ಲಿ ಕುದುರೆಗಳಿಗೆ ಬಂತು, ಅವುಗಳಿಂದ ಜನರಿಗೂ. ವಿಜ್ಞಾನಿಗಳು ಇಪ್ಪತ್ತೈದು ವರ್ಷದ ಲೆಕ್ಕ ತೆಗೆದು 2022ರಲ್ಲಿ ಪ್ರಕಟಿಸಿದರು. ಕಾಡು ಕಡಿದು, ಚಳಿಗಾಲದಲ್ಲಿ ಹೂ ಬಿಡುವ ಮರ ಇಲ್ಲದಾದಾಗ ಹಸಿದ ಬಾವಲಿಗಳು ತೋಟ, ಹೊಲದ ಕಡೆ ಬರುತ್ತವೆ, ಆಗ ವೈರಸ್ ಕುದುರೆಗೆ ದಾಟುತ್ತದೆ. ಕಾಡಿನಲ್ಲಿ ಹೂವು ಚೆನ್ನಾಗಿ ಅರಳಿದ ಚಳಿಗಾಲದಲ್ಲಿ ಬಾವಲಿಗಳು ಅತ್ತ ಹೋದವು, ರೋಗ ದಾಟಲಿಲ್ಲ. ಅರ್ಥವಾಯಿತೇ? ಮರ ಕಡಿದರೆ ರೋಗ ಓಡಿಹೋಗುವುದಿಲ್ಲ, ನಿಮ್ಮ ಹಿತ್ತಲಿಗೆ ಬಂದು ಕೂರುತ್ತದೆ. ಅಷ್ಟು ಪೆಟ್ಟು ತಿಂದ ಕೇರಳದ ಆರೋಗ್ಯ ಇಲಾಖೆಯೇ ಬಾವಲಿಗಳ ತಾಣ ಕೆಣಕಬೇಡಿ ಎಂದು ಹೇಳುತ್ತದೆ. ನಮ್ಮ ಸದಸ್ಯರು ಪಟಾಕಿ ಹಚ್ಚೋಣ ಎನ್ನುತ್ತಾರೆ.

ರೈತರ ಹೆಸರು ಹೇಳಿ ನನ್ನ ಬಾಯಿ ಮುಚ್ಚಿಸಲು ಬರಬೇಡಿ, ನನಗೂ ಇಪ್ಪತ್ತು ಸಪೋಟ ಗಿಡ ಇದೆ. ಬಾವಲಿ ತಿನ್ನುತ್ತದೆ, ಹೌದು. ಮರದಲ್ಲೇ ಮಾಗಿ ಮೆತ್ತಗಾದದ್ದನ್ನು ತಿನ್ನುತ್ತದೆ, ನಾವು ಕಾಯಿ ಇರುವಾಗಲೇ ಕಿತ್ತು ಮಂಡಿಗೆ ಕಳಿಸುವವರು. ಮಂಡಿಯಲ್ಲಿ ದಲ್ಲಾಳಿ ಕ್ರೇಟಿಗೆ ಇಷ್ಟು ಅಂತ ಸೂಟು ಹಿಡಿಯುತ್ತಾನಲ್ಲ, ಅದನ್ನು ತಿಂದವರ ಮೇಲೆ ಯಾವ ಗ್ರಾಮಸಭೆಯೂ ನಿರ್ಣಯ ಮಾಡಿದ್ದಿಲ್ಲ. ಮಲೆನಾಡಿನ ತೋಟದವರು ಬಾವಲಿ ಸಿಪ್ಪೆ ಚೀಪಿ ಬೀಳಿಸಿದ ಅಡಿಕೆ ಹೆಕ್ಕಿ ಚೀಲ ತುಂಬಿಕೊಳ್ಳುತ್ತಾರೆ, ಸುಲಿಯುವ ಕೂಲಿ ಉಳಿಯಿತು ಎಂದು ನಗುತ್ತಾರೆ. ಹಿಪ್ಪೆ, ಬೂರುಗದ ಹೂವಿಗೆ ರಾತ್ರಿ ಪಾಳಿಯಲ್ಲಿ ಪರಾಗ ಸಾಗಿಸುವುದು, ಆಲ ಅತ್ತಿಯ ಬೀಜವನ್ನು ಮೈಲುಗಟ್ಟಲೆ ದೂರ ಬಿತ್ತುವುದು ಯಾರು? ಅರಣ್ಯ ಇಲಾಖೆಯ ನರ್ಸರಿಯಂತೂ ಅಲ್ಲ.

ಇಷ್ಟಕ್ಕೂ ಇದು ಬಾವಲಿಯ ಜಗಳವೇ ಅಲ್ಲ. ಹಳೇ ಮೈಸೂರಿನ ಊರೂರಿಗೂ ಒಂದು ಗುಂಡುತೋಪು ಇತ್ತು, ದಾರಿಹೋಕರಿಗೆ ನೆರಳು, ಬಂಡಿ ಬಿಡಲು ಜಾಗ, ಊರಿಗೆಲ್ಲ ಹುಣಸೆಹಣ್ಣು. ಒಂದೊಂದಾಗಿ ಅವು ಸಮುದಾಯ ಭವನವಾದವು, ನಿವೇಶನವಾದವು, ಪೆಟ್ರೋಲ್ ಬಂಕಾದವು. ಸಾಲುಮರಗಳನ್ನು ರಸ್ತೆ ಅಗಲೀಕರಣ ನುಂಗಿತು. ಒಂದೊಂದು ಆಲದಲ್ಲೂ ಬಾವಲಿಗಳ ಒಂದು ಊರೇ ಇರುತ್ತಿತ್ತು. ಅವೆಲ್ಲ ಎಲ್ಲಿಗೆ ಹೋದವು ಎಂದು ಕೇಳಿದವರಿಲ್ಲ, ಮರದ ಹರಾಜಿನ ದುಡ್ಡು ಎಲ್ಲಿಗೆ ಹೋಯಿತು ಎಂದೂ ಕೇಳಿದವರಿಲ್ಲ. ಎರಡನೆಯದನ್ನು ಕೇಳಿದ್ದಕ್ಕೇ ನನಗೆ ಊರಲ್ಲಿ ‘ತಕರಾರು ಮೇಷ್ಟ್ರು’ ಎಂಬ ಬಿರುದು. ಸಿಕ್ಕಿದ ಪ್ರಶಸ್ತಿ ಅದೊಂದೇ, ಇರಲಿ.

ಇದೇ ರಾಜ್ಯದ ಕೋಲಾರ ಜಿಲ್ಲೆಯ ಹನುಮನಹಳ್ಳಿಯ ಗುಹೆಯಲ್ಲಿ ಎಲೆಮೂಗಿನ ಪುಟ್ಟ ಬಾವಲಿಯೊಂದಿದೆ. ಭೂಮಿಯ ಮೇಲೆ ಬೇರೆಲ್ಲೂ ಅದು ಉಳಿದಿರುವುದು ತಿಳಿದಿಲ್ಲ. ಎಣಿಸಿದರೆ ಇನ್ನೂರು ದಾಟುವುದಿಲ್ಲ. ಅದು ಹಣ್ಣು ತಿನ್ನುವುದಿಲ್ಲ, ಹುಳ ತಿನ್ನುತ್ತದೆ. ಯಾರಿಗೂ ನಿಫಾ ಅಂಟಿಸಿದ್ದಿಲ್ಲ, ಯಾರ ದಾಳಿಂಬೆಯನ್ನೂ ಮುಟ್ಟಿದ್ದಿಲ್ಲ. ಅದರ ತಪ್ಪು ಒಂದೇ, ಗ್ರಾನೈಟ್ ಬಂಡೆಯೊಳಗೆ ಮನೆ ಮಾಡಿದ್ದು. ಸುತ್ತ ಅಕ್ರಮ ಗಣಿಯವರು ಬಂಡೆ ಒಡೆದೇ ಒಡೆದರು. ಅಂದರೆ ನೋಡಿ, ರೋಗದ ಮಾತಿಗೆ ಬಂದಾಗ ತೊಗಲುಬಾವಲಿಯೂ ಕೋಲಾರದ ಬಾವಲಿಯೂ ಒಂದೇ, ಎಲ್ಲ ಬಾವಲಿ, ಎಲ್ಲವನ್ನೂ ಹೊಡಿ. ರಕ್ಷಣೆಯ ಮಾತಿಗೆ ಬಂದಾಗ ಮಾತ್ರ ‘ಅದ್ಯಾವುದೋ ಅಪರೂಪದ್ದಂತೆ, ನಮ್ಮೂರದಲ್ಲ ಬಿಡಿ.’

ಸಭೆ ಮುಗಿಯುವ ಹೊತ್ತಿಗೆ ನಾನು ಆಕ್ಷೇಪಣೆ ಬರೆದುಕೊಟ್ಟೆ. ನಿರ್ಣಯದಲ್ಲಿ ಯಾವ ಬಾವಲಿ ಎಂದು ಜಾತಿ ಸಮೇತ ನಮೂದಿಸಿ, ‘ಇತ್ಯಾದಿ’ ಎಂದರೇನು ಎಂದೂ ಬರೆಯಿರಿ, ಆಮೇಲೆ ಮುಂದಿನ ಮಾತು ಎಂದೆ. ಪಿಡಿಒ ಪೆನ್ನಿನ ಮುಚ್ಚಳ ತೆಗೆದು ಕಿಟಕಿಯಾಚೆ ತೋಪಿನ ಕಡೆ ಸ್ವಲ್ಪ ಹೊತ್ತು ನೋಡಿದರು. ಸದಸ್ಯರ ಮುಖ ನೋಡಿದರು. ಕೊನೆಗೆ ನನ್ನ ಕಡೆ ಬಾಗಿ ಮೆಲ್ಲಗೆ ಕೇಳಿದರು:

‘ದೊಡ್ಡವು ಅಂತ ಬರೀಲಾ ಸಾರ್?’